ಸಂನ್ಯಾಸಿ ಗ್ವೀಡೊ

ಯೂರೋಪಿನ ಬೆನೆಡಿಕ್ಟೀಯ ಮಠಗಳಲ್ಲಿ ಸಂನ್ಯಾಸಿಗಳ ದಿನವೆಲ್ಲ ಹಾಡಿನಿಂದ ತುಂಬಿರುತ್ತಿತ್ತು. ಹಗಲು ಏಳು ಬಾರಿ, ರಾತ್ರಿ ನಿದ್ದೆ ಮುರಿದೆದ್ದು ಒಂದು ಬಾರಿ ಪ್ರಾರ್ಥನೆ. ವಾರ ಕಳೆಯುವುದರೊಳಗೆ ಬೈಬಲ್ಲಿನ ೧೫೦ ಕೀರ್ತನೆಗಳೂ ಮುಗಿಯಬೇಕು. ವಾದ್ಯವಿಲ್ಲ, ತಾಳವಿಲ್ಲ, ಎಲ್ಲರೂ ಒಂದೇ ಕೊರಲಾಗಿ ಲ್ಯಾಟಿನ್ ಭಾಷೆಯಲ್ಲಿ ಹಾಡುವ ಈ ಗಾನಕ್ಕೆ ಗ್ರೆಗರಿ ಪೋಪನ ಹೆಸರು ಅಂಟಿಕೊಂಡಿದೆ. ಅದನ್ನು ಗುರುಮುಖದಿಂದಲೇ ಕಲಿಯಬೇಕಾಗಿತ್ತು. ಪದಗಳ ಮೇಲೆ ಸಣ್ಣ ಗುರುತುಗಳನ್ನು ಬರೆಯುತ್ತಿದ್ದರು, ನಿಜ; ಆದರೆ ದನಿ ಏರಿತೆಂದು ಅವುಗಳಿಂದ ತಿಳಿಯುತ್ತಿತ್ತೇ ಹೊರತು ಎಷ್ಟು ಏರಿತೆಂದು ತಿಳಿಯುತ್ತಿರಲಿಲ್ಲ. ಹತ್ತು ವರ್ಷ ಗಂಟಲು ಸವೆಸಿದವನೂ ಗುರುವಿಲ್ಲದೆ ಹೊಸ ಹಾಡೊಂದನ್ನು ಹಾಡಲಾರದೆ ಹೋಗುತ್ತಿದ್ದನು.

ಇದನ್ನು ಕಂಡು ಮರುಗಿದವನು ಗ್ವೀಡೊ. ಹತ್ತನೆಯ ಶತಮಾನದ ಕೊನೆಯಲ್ಲಿ ಹುಟ್ಟಿದ ಇವನು ಇಟಲಿಯ ಪೂರ್ವ ಕರಾವಳಿಯ ಬಳಿಯ ಪೊಂಪೋಸ ಮಠದಲ್ಲಿ ಸಂನ್ಯಾಸಿಯಾಗಿದ್ದನು. ಅವನು ಹೂಡಿದ ಉಪಾಯ ಬಹು ಸರಳ. ಗೆರೆಗಳನ್ನೆಳೆದು, ಪ್ರತಿಯೊಂದು ಗೆರೆಗೂ ಗೆರೆಗಳ ನಡುವಿನ ತೆರಪಿಗೂ ಒಂದೊಂದು ಸ್ವರವನ್ನು ಗೊತ್ತುಮಾಡಿದನು. ಮುಖ್ಯವಾದ ಎರಡು ಗೆರೆಗಳಿಗೆ ಕೆಂಪು, ಹಳದಿ ಬಣ್ಣ ಹಚ್ಚಿದನು. ಹುಡುಗರು ತಾವೆಂದೂ ಕೇಳದ ಹಾಡನ್ನು ಹಾಳೆ ನೋಡಿ ಹಾಡತೊಡಗಿದರು!

ಮಠದವರು ಹಿಗ್ಗಬೇಕಾಗಿತ್ತಲ್ಲವೆ? ಹೊಟ್ಟೆಕಿಚ್ಚುಪಟ್ಟರು. ಅಲ್ಲಿ ಬಾಳುವುದು ಅಸಾಧ್ಯವಾಗಿ ಹೊರಬಿದ್ದ ಗ್ವೀಡೊ ಸುಮಾರು ೧೦೨೫ರಲ್ಲಿ ಅರೆಟ್ಸೊ ನಗರವನ್ನು ಸೇರಿದನು. ಅಲ್ಲಿನ ಬಿಷಪ್ ಥಿಯೊಡಾಲ್ಡನು ತನ್ನ ಚರ್ಚಿನ ಹಾಡುಗಾರರನ್ನು ಅವನ ಕೈಗೊಪ್ಪಿಸಿದನು. ‘ಮೈಕ್ರೊಲೋಗಸ್’ ಎಂಬ ಅವನ ಸಂಗೀತಗ್ರಂಥ ಹುಟ್ಟಿದ್ದು ಅಲ್ಲಿಯೇ.

ಸುದ್ದಿ ರೋಮ್ ಮುಟ್ಟಿತು. ಪೋಪ್ ಹತ್ತೊಂಬತ್ತನೆಯ ಜಾನ್ ಅವನನ್ನು ಕರೆಸಿಕೊಂಡನು. ಪುಸ್ತಕದ ಹಾಳೆಗಳನ್ನು ಕುತೂಹಲದಿಂದ ತಿರುವಿ, ಹಿಂದೆಂದೂ ಕೇಳದ ಚರಣವೊಂದನ್ನು ಸ್ವತಃ ಕಲಿತ ಮೇಲೆಯೇ ಪೀಠದಿಂದ ಎದ್ದನಂತೆ. ಆದರೆ ರೋಮಿನ ಜೌಗುನೆಲದ ಬೇಸಗೆ ಗ್ವೀಡೊನ ಮೈಗೆ ಒಗ್ಗಲಿಲ್ಲ. ಕಾಯಿಲೆ ಹಿಡಿದು, ಚಳಿಗಾಲಕ್ಕೆ ಮರಳುವೆನೆಂದು ಹೇಳಿ ಹೊರಟನು. ಆ ದಿನಗಳಲ್ಲಿಯೇ ಪೊಂಪೋಸದ ಮಠಾಧಿಪತಿಯ ಭೇಟಿಯಾಯಿತು. ಅವನೂ ಪುಸ್ತಕವನ್ನು ನೋಡಿದನು. ಹಿಂದೆ ವಿರೋಧಿಗಳ ಮಾತಿಗೆ ಕಿವಿಗೊಟ್ಟುದಕ್ಕಾಗಿ ಪಶ್ಚಾತ್ತಾಪಪಟ್ಟು, ಮಠಕ್ಕೆ ಹಿಂದಿರುಗೆಂದು ಬೇಡಿಕೊಂಡನು.

ಇದೆಲ್ಲ ನಮಗೆ ತಿಳಿದುಬರುವುದು ಪೊಂಪೋಸದ ಗೆಳೆಯ ಮಿಖಾಯೇಲನಿಗೆ ಗ್ವೀಡೊ ಬರೆದ ಓಲೆಯಿಂದ. ಹಳೆಯ ನೋವಿನ ನಡುವೆಯೂ ಅದರಲ್ಲಿ ಪಾಠವೊಂದಿದೆ. ಸ್ನಾನಿಕ ಯೋಹಾನನ ಸ್ತೋತ್ರವೊಂದರಲ್ಲಿ ಮೊದಲ ಆರು ತುಣುಕುಗಳು ಒಂದಕ್ಕಿಂತ ಒಂದು ಮೇಲಿನ ಸ್ವರದಲ್ಲಿ ಆರಂಭವಾಗುತ್ತವೆ. ಉತ್, ರೆ, ಮಿ, ಫಾ, ಸೊಲ್, ಲಾ ಎಂಬ ಅವುಗಳ ಮೊದಲಕ್ಷರಗಳು ನಾಲಗೆಯ ಮೇಲಿದ್ದರೆ ಯಾವ ಸ್ವರವೂ ಕೈತಪ್ಪದು. (ನಮ್ಮ ಸರಿಗಮ ಇದಕ್ಕಿಂತ ಹಳೆಯದೆಂಬುದನ್ನು ವಾಚಕರು ಬಲ್ಲರು.) ಹತ್ತು ವರ್ಷದ ಕಲಿಕೆ ಇನ್ನು ಒಂದು ವರ್ಷದ್ದು, ಹೆಚ್ಚೆಂದರೆ ಎರಡರದು ಎಂದು ಅವನು ಗೆಳೆಯನಿಗೆ ತಿಳಿಸುತ್ತಾನೆ.