ಬಾಲನಟ ಕೇಶವರಾವ ಭೋಸಲೆ

ಹುಬ್ಬಳ್ಳಿಯು ಅರಳೆಯ ಪೇಟೆಗೂ ರೇಲ್ವೆಯ ಕಾರಖಾನೆಗೂ ಹೆಸರಾದ ಊರು. ಅದೇ ಊರಿನಲ್ಲಿ 1908ನೆಯ ಇಸವಿ ಜನವರಿ 1ನೆಯ ತಾರೀಖಿನ ದಿನ, ಇನ್ನೂ ಹದಿನೆಂಟು ತುಂಬದ ಹುಡುಗನೊಬ್ಬನು ಲಲಿತಕಲಾದರ್ಶವೆಂಬ ನಾಟಕಮಂಡಳಿಯನ್ನು ಸ್ಥಾಪಿಸಿದನೆಂಬ ಸಂಗತಿಯನ್ನು ಅಲ್ಲಿಯ ನಿವಾಸಿಗಳೂ ಬಹುಮಟ್ಟಿಗೆ ಮರೆತಿರುವರು. ಆ ಹುಡುಗನೇ ಕೇಶವರಾವ ವಿಠ್ಠಲ ಭೋಸಲೆ. ಮರಾಠಿ ಸಂಗೀತನಾಟಕದ ಇತಿಹಾಸದಲ್ಲಿ ಬಾಲಗಂಧರ್ವರ ಹೆಸರಿನ ಮಗ್ಗುಲಲ್ಲಿಯೇ ಬರೆಯತಕ್ಕ ಹೆಸರು ಅದು. ಆತನು ಬದುಕಿದ್ದು ಕೇವಲ ಮೂವತ್ತೊಂದು ವರ್ಷ. ಆ ಮೂವತ್ತೊಂದರಲ್ಲಿ ನಾಲ್ಕೈದು ವರ್ಷಗಳನ್ನು ಕಳೆದರೆ ಉಳಿದುದೆಲ್ಲವೂ ರಂಗಭೂಮಿಯ ದೀಪದ ಮುಂದೆಯೇ ಸವೆದುಹೋಯಿತು. ಆತನ ಯೌವನದ ಕೀರ್ತಿಯನ್ನು ಬಣ್ಣಿಸುವವರು ಬಹುಮಂದಿ ಇರುವರು. ಆ ಕೀರ್ತಿಗೆ ಬಾಲ್ಯವು ತೆತ್ತ ಬೆಲೆಯನ್ನು ಎಣಿಸುವವರು ವಿರಳ. ಆದಕಾರಣ ನಾವು ಇಲ್ಲಿ ಬಾಲಕನ ವಿಷಯವನ್ನೇ ಹೆಚ್ಚಾಗಿ ಹೇಳಬೇಕೆಂದಿದ್ದೇವೆ.

ಕೇಶವನು 1890ನೆಯ ಇಸವಿ ಆಗಸ್ಟ್ 9ರಂದು ಕೊಲ್ಲಾಪುರದಲ್ಲಿ ಹುಟ್ಟಿದನು. ಎಳೆವಯಸ್ಸಿನಲ್ಲಿಯೇ ತಂದೆಯು ತೀರಿಕೊಂಡನು. ತಾಯಿಗೆ ಮಕ್ಕಳ ಹೊಟ್ಟೆ ಹೊರೆಯುವುದೇ ದುಸ್ತರವಾಯಿತು. ಆ ಕಾಲದಲ್ಲಿ ಬಡವಿಧವೆಯ ಮಗನಿಗೆ ಒಳ್ಳೆಯ ಕಂಠವಿದ್ದರೆ ತೆರೆದಿದ್ದ ಬಾಗಿಲು ಒಂದೇ, ನಾಟಕಮಂಡಳಿಯದು. ಕುಲಸ್ತ್ರೀಯರು ರಂಗವನ್ನೇರುವುದು ಊಹೆಗೂ ನಿಲುಕದ ಮಾತಾಗಿದ್ದುದರಿಂದ ಶಕುಂತಲೆ, ಸುಭದ್ರೆ, ವಸಂತಸೇನೆಯರೆಲ್ಲರೂ ಗಂಡುಹುಡುಗರೇ. ಇಂತಹ ಹುಡುಗರು ಇಲ್ಲದೆ ಯಾವ ಮಂಡಳಿಯೂ ನಡೆಯುವಂತಿರಲಿಲ್ಲ. ಊರೂರಿನಲ್ಲಿ ಭಜನೆಯಲ್ಲಿಯೋ ಕೀರ್ತನೆಯಲ್ಲಿಯೋ ಸೊಗಸಾಗಿ ಹಾಡುವ ಹುಡುಗನು ಕಿವಿಗೆ ಬಿದ್ದರೆ ಮಾಲಕರು ತಾಯಿತಂದೆಗಳನ್ನು ಕಂಡು, ಊಟ ಬಟ್ಟೆ ಕೊಟ್ಟು, ವಿದ್ಯೆ ಕಲಿಸುವುದಾಗಿ ಮಾತುಕೊಟ್ಟು, ಮನೆಗೆ ಅಷ್ಟಿಷ್ಟು ಹಣವನ್ನೂ ಸಲ್ಲಿಸಿ ಕರೆದೊಯ್ಯುತ್ತಿದ್ದರು. ಕೇಶವನು ಸ್ವದೇಶಹಿತಚಿಂತಕ ನಾಟಕಮಂಡಳಿಯನ್ನು ಸೇರಿದಾಗ ಅವನಿಗೆ ನಾಲ್ಕೈದರ ಪ್ರಾಯ. ನಮ್ಮ ಮನೆಗಳಲ್ಲಿ ಅಕ್ಕಿಯ ಮೇಲೆ ಓನಾಮವನ್ನು ತಿದ್ದಿಸುವ ವಯಸ್ಸು ಅದು.

ಆ ಮಂಡಳಿಯಲ್ಲಿ ಶಿಕ್ಷಣದ ಭಾರವನ್ನು ಹೊತ್ತವರು ಜನುಭಾವು ನಿಮಕರರು. ತಾಲೀಮಿನ ವಿಷಯದಲ್ಲಿ ಇಂತಹ ಗುರುಗಳು ಅತಿ ಕಠಿಣರು. ಒಂದು ಆಲಾಪವು ಸರಿಬೀಳುವ ತನಕ ಹುಡುಗನನ್ನು ಏಳಗೊಡುತ್ತಿರಲಿಲ್ಲ. ಮಂಡಳಿಗಳ ದಿನಚರಿಯನ್ನು ಹಳಬರು ಬಲ್ಲರು. ನಾಟಕವು ರಾತ್ರಿ ಊಟವಾದ ಮೇಲೆ ಪ್ರಾರಂಭವಾಗಿ ಕೋಳಿ ಕೂಗುವವರೆಗೆ ನಡೆಯುವುದು. ಬಣ್ಣವನ್ನು ತೊಳೆದು ಮಲಗಿದ ಹುಡುಗನು ಮಧ್ಯಾಹ್ನ ಪೇಟಿಯ ಮುಂದೆ ಮತ್ತೆ ಕುಳಿತಿರಬೇಕು. ಒಂದು ಊರಿನ ಗಲ್ಲೆ ಇಳಿಯಿತೆಂದರೆ ಪರದೆ ಪೆಟ್ಟಿಗೆಗಳನ್ನು ಬಂಡಿಗೆ ಹೇರಿ ಇನ್ನೊಂದು ಮುಕ್ಕಾಮಿಗೆ ಪ್ರಯಾಣ. ಬಿಡಾರವೇ ಮನೆ, ಮಾಲಕನೇ ತಂದೆ, ಆಚಾರಿಯೇ ತಾಯಿ. ಅಕ್ಷರವನ್ನು ಕಲಿಯಲು ಪುರಸೊತ್ತಾದರೂ ಎಲ್ಲಿಯದು? ಕೇಶವನು ಶಾಲೆಯ ಮೆಟ್ಟಲನ್ನು ಹತ್ತಿದವನೇ ಅಲ್ಲವೆಂದರೂ ಸಲ್ಲುವುದು. ಪದಗಳನ್ನೂ ಮಾತುಗಳನ್ನೂ ಕಿವಿಯಿಂದಲೇ ಹಿಡಿದು ನಾಲಿಗೆಯಲ್ಲಿ ನಿಲ್ಲಿಸಿಕೊಂಡನು. ಸ್ವಂತ ಪಾತ್ರವಷ್ಟೇ ಅಲ್ಲ, ಉಳಿದವರ ಪಾತ್ರಗಳೂ ಪಕ್ಕದಲ್ಲಿ ನಿಂತು ಕೇಳಿ ಕೇಳಿ ಅವನಿಗೆ ಬಾಯಿಪಾಠವಾಗಿದ್ದುವು. ಆ ಅಭ್ಯಾಸವೇ ಅವನ ಭಾಗ್ಯವನ್ನು ತೆರೆಯಿತು.

ಗೋವಿಂದ ಬಲ್ಲಾಳ ದೇವಲರ ‘ಶಾರದಾ’ ನಾಟಕವನ್ನು ಕಿರ್ಲೋಸ್ಕರ ಮಂಡಳಿಯು 1899ರಲ್ಲಿ ಮೊದಲು ಆಡಿತು. ಪುರಾಣದ ರಾಜರಾಣಿಯರನ್ನು ಬಿಟ್ಟು, ನಮ್ಮ ನೆರೆಮನೆಯ ಸಂಕಟವನ್ನು ಸಂಗೀತನಾಟಕದೊಳಕ್ಕೆ ತಂದ ಕೃತಿಯಿದು. ಹಣದಾಸೆಗೆ ಬಿದ್ದ ತಂದೆಯು ತನ್ನ ಎಳೆಯ ಮಗಳನ್ನು ಸ್ಮಶಾನದ ದಾರಿಯನ್ನು ಹಿಡಿದ ಶ್ರೀಮಂತ ಮುದುಕನಿಗೆ ಕೊಟ್ಟು ಲಗ್ನಮಾಡಲು ಒಪ್ಪುವನು. ಮಗಳು ಬಾಯಿಬಿಟ್ಟು ಬೇಡವೆನ್ನುವಂತಿಲ್ಲ. ಅವಳ ಭಯವೂ ನಾಚಿಕೆಯೂ ಅಸಹಾಯತೆಯೂ ಹಾಡಿನಲ್ಲಿಯೇ ಹೊರಬೀಳಬೇಕು. ಅಂದಿನ ಪ್ರೇಕ್ಷಕರಲ್ಲಿ ಇಂತಹ ಲಗ್ನದ ಊಟವನ್ನು ಉಂಡುಬಂದವರು ಎಷ್ಟುಮಂದಿ ಇದ್ದರೋ! 1929ರಲ್ಲಿ ಬಾಲ್ಯವಿವಾಹವನ್ನು ತಡೆಯುವ ಕಾಯದೆಯಾದಾಗ ಅದಕ್ಕೆ ಶಾರದಾ ಕಾಯದೆಯೆಂದು ಜನರಲ್ಲಿ ಹೆಸರಾಯಿತು. ಅದನ್ನು ಮಂಡಿಸಿದ ಹರವಿಲಾಸ ಸಾರ್ದಾ ಅವರಿಂದ ಬಂದ ಹೆಸರದು. ನಾಟಕದ ನಾಯಿಕೆಗೂ ಅದಕ್ಕೂ ಇರುವ ಸಾಮ್ಯವು ಆಕಸ್ಮಿಕವೇ ಸರಿ, ಆದರೆ ಇಷ್ಟು ಅರ್ಥವತ್ತಾದ ಆಕಸ್ಮಿಕವು ಅಪರೂಪ.

ಸ್ವದೇಶಹಿತಚಿಂತಕ ಮಂಡಳಿಯೂ ಈ ನಾಟಕವನ್ನು ಆಡುತ್ತಿತ್ತು. ಶಾರದೆಯ ಪಾತ್ರವನ್ನು ವಹಿಸುತ್ತಿದ್ದ ಹುಡುಗನು ಮಂಡಳಿಯನ್ನು ತೊರೆದು ಹೋದನು. ನಾಯಿಕೆಯಿಲ್ಲದೆ ಆಟ ನಿಲ್ಲತಕ್ಕ ಸಂದರ್ಭ. ಆಗ ಇಡೀ ಪಾತ್ರವನ್ನು ಬಲ್ಲವನಾಗಿ ಸಿಕ್ಕಿದವನು, ಅಲ್ಲಿಯವರೆಗೆ ಸಣ್ಣಪುಟ್ಟ ವೇಷಗಳಲ್ಲಿ ಬಂದುಹೋಗುತ್ತಿದ್ದ ಕೇಶವನು. ಹತ್ತು ಹನ್ನೆರಡರ ಹುಡುಗನಿಗೆ ಸೀರೆಯುಡಿಸಿ ರಂಗದ ಮೇಲೆ ನಿಲ್ಲಿಸಿದರು. ಧ್ವನಿವರ್ಧಕ ಯಂತ್ರಗಳಿಲ್ಲದ ಆ ದಿನಗಳಲ್ಲಿ ಅವನ ಕಂಠವು ಸಭಾಗೃಹದ ಕೊನೆಯ ಬೆಂಚಿನವರೆಗೆ ನಿರಾಯಾಸವಾಗಿ ಹಾಯುತ್ತಿತ್ತು. ತಾರಸ್ಥಾಯಿಯಲ್ಲಿ ಖಣಿಲೆನ್ನುವ ಸ್ವರ, ಮಿಂಚಿನಂತಹ ತಾನು, ಅದರೊಡನೆ ನಿಜವಾಗಿಯೂ ಎಳೆಯ ಮಗುವೊಂದು ಹೆದರಿರುವಾಗ ಬರುವ ನಡುಕ. ದೊಡ್ಡ ನಟರು ಅಭಿನಯಿಸಿ ತೋರಿಸತಕ್ಕದ್ದು ಈ ಹುಡುಗನಿಗೆ ವಯೋಧರ್ಮದಿಂದಲೇ ಬಂದಿತ್ತು. ಪ್ರೇಕ್ಷಕರು ವನ್ಸ್ ಮೋರ್ ಕೂಗಿ ಅದೇ ಪದವನ್ನು ಮರಳಿ ಮರಳಿ ಹಾಡಿಸಿದರು. ಅಂದಿನಿಂದ ‘ಶಾರದಾ’ ಎಂದರೆ ಕೇಶವ, ಕೇಶವನೆಂದರೆ ‘ಶಾರದಾ’ ಎಂಬಂತಾಯಿತು. ಮಂಡಳಿಯ ಹಣೆಬರೆಹವೇ ಬದಲಾಯಿಸಿತು.

ನಮ್ಮ ಮನಸ್ಸನ್ನು ನಾಟುವ ಸಂಗತಿಯು ಇಲ್ಲಿಯೇ ಇದೆ. ಹಣಕ್ಕಾಗಿ ಮಾರಲ್ಪಡುವ ಮಗುವಿನ ಗೋಳನ್ನು ಹಾಡಿ ಜನರನ್ನು ಅಳಿಸಿದವನು, ಬಡತನದ ದೆಸೆಯಿಂದ ತಾಯಿಯ ಮಡಿಲನ್ನು ಬಿಟ್ಟು ಬಿಡಾರಕ್ಕೆ ಬಂದ ಮಗು. ಶಾರದೆಗಾಗಿ ಕಣ್ಣೀರು ಸುರಿಸಿದ ಗೃಹಸ್ಥರಲ್ಲಿ ಎಷ್ಟು ಮಂದಿ ಈ ಹುಡುಗನು ನಾಳೆ ಬೆಳಿಗ್ಗೆ ಎಷ್ಟು ಗಂಟೆಗೆ ಏಳುವನೆಂದು ಯೋಚಿಸಿದ್ದಾರು? ಅವನ ಕೂಗಿಗೆ ಬಂದ ಹಣವು ಗಲ್ಲೆಗೆ ಸೇರಿತು, ಕೀರ್ತಿಯು ಮಂಡಳಿಗೆ ಸೇರಿತು. ಕಂಠ ಒಡೆಯುವ ವಯಸ್ಸು ಬಂದು, ಗಂಡುದನಿ ಮೂಡಿ, ಮೀಸೆ ಚಿಗುರಿದಾಗ ಇಂತಹ ಹುಡುಗರಲ್ಲಿ ಬಹುಮಂದಿಯ ಗತಿಯೇನಾಯಿತೆಂಬುದನ್ನು ಯಾರೂ ಬರೆದಿಟ್ಟಿಲ್ಲ. ಪರದೆ ಎಳೆಯುವುದಕ್ಕೆ, ಚೀಟಿ ಹಂಚುವುದಕ್ಕೆ ಇಳಿದವರು ಅವರೊಳಗೆ ಉಂಟು.

ಹಾಗೆಂದು ಮಂಡಳಿಗಳನ್ನು ಕೇವಲ ದೂಷಿಸುವುದೂ ನ್ಯಾಯವಲ್ಲ. ಅನ್ನವಿಲ್ಲದ ಹುಡುಗರಿಗೆ ಅನ್ನವನ್ನೂ, ಗುರುವಿಲ್ಲದವರಿಗೆ ವಿದ್ಯೆಯನ್ನೂ ಕೊಟ್ಟ ಸಂಸ್ಥೆಗಳು ಅಂದು ಬೇರೆ ಇರಲಿಲ್ಲ. ಕನ್ನಡ ರಂಗಭೂಮಿಯೂ ಇದಕ್ಕೆ ಹೊರತಲ್ಲ. ಗುಬ್ಬಿಯ ವೀರಣ್ಣನವರು ಬಾಲಕರಾಗಿಯೇ ಆ ಮಂಡಳಿಯಲ್ಲಿ ಬಣ್ಣ ಹಚ್ಚಿದವರು. ಮಲ್ಲಿಕಾರ್ಜುನ ಮನಸೂರರು ವಾಮನರಾವ ಮಾಸ್ತರರ ಮಂಡಳಿಯಲ್ಲಿ ಬಾಲಪಾತ್ರಗಳನ್ನು ಹಾಡುತ್ತಿದ್ದಾಗಲೇ ಮಿರಜದ ನೀಲಕಂಠಬುವಾ ಅವರ ಕಿವಿಗೆ ಬಿದ್ದರು. ಬಿಡಾರದ ಹುಡುಗನು ಹಿಂದೂಸ್ತಾನೀ ಸಂಗೀತದ ಶಿಖರವಾಗಿ ಬೆಳೆದನು. ಆದರೆ ಒಬ್ಬ ಮನಸೂರರನ್ನು ಎದುರಿಗಿಟ್ಟು ನೂರು ಹುಡುಗರ ಲೆಕ್ಕವನ್ನು ಮುಚ್ಚಲಾಗದು.

ಕೇಶವನು ಆ ಲೆಕ್ಕವನ್ನು ತಾನೇ ಕೇಳಿದನು. ಹದಿನೇಳನೆಯ ವಯಸ್ಸಿನಲ್ಲಿ, ತನ್ನನ್ನು ಬೆಳೆಯಿಸಿದ ಮಂಡಳಿಯನ್ನು ಬಿಟ್ಟು ಹೊರಬಿದ್ದು, ಸ್ವಂತ ಮಂಡಳಿಯನ್ನು ಕಟ್ಟಿದನು. ಕೈಯಲ್ಲಿ ಬಂಡವಾಳವಿಲ್ಲ, ಶಾಲೆಯ ಸರ್ಟಿಫಿಕೇಟಿಲ್ಲ, ಬೆನ್ನಿಗೆ ಸರದಾರ ಸಾಹುಕಾರರ ಮನೆತನವಿಲ್ಲ. ಇದ್ದುದು ಕಂಠವೊಂದೇ, ಮತ್ತು ಆ ಕಂಠವು ತನ್ನದೆಂಬ ಅರಿವು. ಕೀರ್ತಿವಂತನಾದ ಬಾಲನಟನು ಮಾಲಕನ ನೆರಳಿನಿಂದ ಎದ್ದು ಬರುವುದು ಸಾಮಾನ್ಯ ಧೈರ್ಯದ ಮಾತಲ್ಲ. ಸ್ವಾತಂತ್ರ್ಯವೆಂಬ ಶಬ್ದವನ್ನು ಸಭೆಗಳಲ್ಲಿ ಉಚ್ಚರಿಸಿದವರು ಅನೇಕರು. ಊಟ ವಸತಿಗಳ ಭರವಸೆಯನ್ನು ಬಿಟ್ಟು ಅದನ್ನು ಆಚರಿಸಿದವರಲ್ಲಿ ಈ ಅನಕ್ಷರಸ್ಥ ಹುಡುಗನನ್ನೂ ಎಣಿಸತಕ್ಕದ್ದು.

ಇದಕ್ಕೆ ಹುಬ್ಬಳ್ಳಿಯೇ ಏಕೆ ನೆಲೆಯಾಯಿತೆಂದು ಇಂದಿನವರಿಗೆ ಆಶ್ಚರ್ಯವಾಗಬಹುದು. ಆಗ ನಮ್ಮ ಧಾರವಾಡ, ಬೆಳಗಾಂವಿ ಪ್ರಾಂತಗಳು ಮುಂಬಯಿ ಇಲಾಖೆಗೆ ಸೇರಿದ್ದವು. ಮರಾಠಿಯ ಪ್ರಾಬಲ್ಯವು ಕಚೇರಿಯಲ್ಲಿಯೂ ಪೇಟೆಯಲ್ಲಿಯೂ ದಟ್ಟವಾಗಿತ್ತು. ಹುಬ್ಬಳ್ಳಿ, ಧಾರವಾಡ, ಗದಗಗಳು ಪುಣೆ ಸಾಂಗಲಿಗಳ ನಾಟಕಮಂಡಳಿಗಳಿಗೆ ಗಲ್ಲೆ ತುಂಬುವ ಊರುಗಳಾಗಿದ್ದವು. ಇದನ್ನು ಕಂಡು ಮನನೊಂದು ಗದಗಿನ ಕಡೆಯಲ್ಲಿ ಶಾಂತಕವಿಗಳು ಕನ್ನಡ ನಾಟಕಗಳನ್ನು ಬರೆದು ಆಡಿಸಲು ಸೊಂಟಕಟ್ಟಿದುದು ಕರ್ನಾಟಕತ್ವದ ಚರಿತ್ರೆಯಲ್ಲಿ ಪ್ರಸಿದ್ಧವೇ ಆಗಿದೆ. ಆ ನೋವು ನ್ಯಾಯವಾದುದು. ಆದರೂ ಋಣದ ಇನ್ನೊಂದು ಪುಟವನ್ನೂ ಓದಬೇಕು. ಉತ್ತರ ಕನ್ನಡದ ಕರ್ಕಿಯ ಭಾಗವತ ಮೇಳವು ಸಾಂಗಲಿಯಲ್ಲಿ ಆಡಿದುದನ್ನು ಕಂಡಬಳಿಕವೇ ವಿಷ್ಣುದಾಸ ಭಾವೆಯವರು 1843ರಲ್ಲಿ ಮೊದಲ ಮರಾಠಿ ನಾಟಕವನ್ನು ಹೂಡಿದರು. ಮರಾಠಿ ಸಂಗೀತನಾಟಕದ ಜನಕರೆನಿಸಿದ ಅಣ್ಣಾಸಾಹೇಬ ಕಿರ್ಲೋಸ್ಕರರು ಹುಟ್ಟಿದ್ದು ಬೆಳಗಾಂವಿ ಜಿಲ್ಲೆಯ ಗುರ್ಲಹೊಸೂರಿನಲ್ಲಿ. ಇಂತಿರಲು ಕೊಲ್ಲಾಪುರದ ಹುಡುಗನು ಕೃಷ್ಣೆಯನ್ನು ದಾಟಿ ಬಂದು ನಮ್ಮ ಊರಿನಲ್ಲಿ ಸ್ವತಂತ್ರನಾದನೆಂದರೆ ಅದನ್ನು ಪರರ ಆಕ್ರಮಣವೆಂದು ಬಗೆಯದೆ ಅತಿಥಿಯ ಪ್ರಥಮ ಗೃಹಪ್ರವೇಶವೆಂದು ಬಗೆಯುವುದೇ ನಮಗೆ ಶೋಭೆ.

ಮುಂದಿನ ಹದಿಮೂರು ವರ್ಷಗಳ ವೃತ್ತಾಂತವನ್ನು ಸಂಕ್ಷೇಪಿಸುವೆವು. ಕೇಶವರಾಯರು ಸ್ವಪ್ರಯತ್ನದಿಂದ ಓದುಬರೆಹ ಕಲಿತರು. ರಾಮಕೃಷ್ಣಬುವಾ ವಝೆಯವರಲ್ಲಿ ಶಾಸ್ತ್ರೀಯ ಸಂಗೀತವನ್ನು ಅಭ್ಯಸಿಸಿದರು. ಹೀರಾಬಾಯಿ ಪೆಡಣೇಕರರೆಂಬ ಮಹಿಳೆಯು ಬರೆದ ‘ದಾಮಿನಿ’ಯನ್ನು ಲಲಿತಕಲಾದರ್ಶವು ರಂಗಕ್ಕೆ ತಂದಿತು. ಹೆಣ್ಣಿನ ವೇಷವನ್ನು ಗಂಡುಹುಡುಗರು ಹಾಕುತ್ತಿದ್ದ ಕಾಲದಲ್ಲಿ ಹೆಣ್ಣೊಬ್ಬಳ ಲೇಖನಿಗೆ ಮನ್ನಣೆ ಕೊಟ್ಟ ಸಾಹಸವು ಗಮನಾರ್ಹವಾದುದು. ವೀರ ವಾಮನರಾವ ಜೋಶಿಯವರ ‘ರಾಕ್ಷಸೀ ಮಹತ್ವಾಕಾಂಕ್ಷಾ’ದಲ್ಲಿ ರಾಯರ ಮೃಣಾಲಿನಿಯ ಪಾತ್ರವು ಮನೆಮಾತಾಯಿತು. ಮಾಮಾ ವರೇರಕರರ ‘ಹಾಚ ಮುಲಾಚಾ ಬಾಪ’ ವರದಕ್ಷಿಣೆಯನ್ನು ಕುರಿತದ್ದು. ಶಾರದೆಯ ವೇಷದಿಂದ ಹೊರಟವನು ಮತ್ತೆ ಅದೇ ಬೀದಿಗೆ ಬಂದನೆನ್ನಬೇಕು. ಪರದೆಗಳ ಚಿತ್ರಣದಲ್ಲಿಯೂ ಈ ಮಂಡಳಿಗೆ ಬೆರಗಿನ ಹೆಸರಿತ್ತು. ಮುಂದೆ ಚಲಚ್ಚಿತ್ರದಲ್ಲಿ ಪ್ರಖ್ಯಾತರಾದ ಕೊಲ್ಲಾಪುರದ ಬಾಬುರಾವ ಪೇಂಟರರ ಕುಂಚವೂ ಅದಕ್ಕಾಗಿ ದುಡಿದಿತ್ತು.

ಆ ಕಾಲದ ರಸಿಕರಲ್ಲಿ ಎರಡು ಪಕ್ಷಗಳಿದ್ದುವು. ಬಾಲಗಂಧರ್ವರ ಮಾಧುರ್ಯಕ್ಕೆ ಮರುಳಾದವರು ಒಂದು ಕಡೆ. ಕೇಶವರಾಯರ ಗಾನದ ಓಜಸ್ಸಿಗೆ ತಲೆದೂಗುವವರು ಇನ್ನೊಂದು ಕಡೆ. ಹೋಟೆಲುಗಳಲ್ಲಿ, ಕಚೇರಿಯ ಜಗುಲಿಗಳಲ್ಲಿ ಈ ವಾದವು ಕೈಮಿಲಾಯಿಸುವ ಮಟ್ಟಕ್ಕೆ ಹೋಗುತ್ತಿದ್ದುದೂ ಉಂಟು. ಇಂತಹ ಪ್ರತಿಸ್ಪರ್ಧಿಗಳಿಬ್ಬರು ಒಂದೇ ರಂಗದಲ್ಲಿ ನಿಲ್ಲುವರೆಂದು ಯಾರೂ ಎಣಿಸಿರಲಿಲ್ಲ.

1920ರ ಆಗಸ್ಟ್ 1ರಂದು ಲೋಕಮಾನ್ಯರು ದಿವಂಗತರಾದರು. ಅವರ ನೆನಪಿಗಾಗಿ ಟಿಳಕ ಸ್ವರಾಜ್ಯ ನಿಧಿಗೆ ಒಂದು ಕೋಟಿ ರೂಪಾಯಿಗಳನ್ನು ಕೂಡಿಸಬೇಕೆಂದು ಮರುವರ್ಷ ಬೆಜವಾಡೆಯಲ್ಲಿ ಕಾಂಗ್ರೆಸ್ಸು ನಿಶ್ಚಯಿಸಿತು. ಬಾಲಗಂಧರ್ವರಿಗೆ ಆ ಹೆಸರು ಬಂದುದೇ ಲೋಕಮಾನ್ಯರ ಬಾಯಿಂದ. ನಿಧಿಯ ಸಹಾಯಾರ್ಥವಾಗಿ ಎರಡು ಮಂಡಳಿಗಳೂ ಕೂಡಿ 1921ರ ಜುಲೈ 8ರಂದು ಮುಂಬಯಿಯಲ್ಲಿ ಖಾಡಿಲಕರರ ‘ಮಾನಾಪಮಾನ’ವನ್ನು ಆಡಿದವು. ಖಾಡಿಲಕರರು ಲೋಕಮಾನ್ಯರ ‘ಕೇಸರಿ’ಯಲ್ಲಿ ಬರೆದು ಬೆಳೆದ ಪತ್ರಕರ್ತರು, ನಮ್ಮ ವೃತ್ತಿಯವರೆಂದು ಇಲ್ಲಿ ಒಂದಿಷ್ಟು ಅಭಿಮಾನಪಟ್ಟರೆ ವಾಚಕರು ಕ್ಷಮಿಸುವರೆಂದು ನಂಬುತ್ತೇವೆ. ಐಶ್ವರ್ಯದ ಗರ್ವದಿಂದ ಬಡ ವೀರನನ್ನು ಹೀಗಳೆಯುವ ಭಾಮಿನಿಯಾಗಿ ಬಾಲಗಂಧರ್ವರು. ಅವಮಾನಿತನಾದರೂ ತಲೆಬಾಗದ ಧೈರ್ಯಧರನಾಗಿ ಕೇಶವರಾಯರು. ಉತ್ತಮ ಟಿಕೀಟಿಗೆ ನೂರು ರೂಪಾಯಿಯ ದರ. ಗುಮಾಸ್ತರ ಕೆಲವು ತಿಂಗಳ ಸಂಬಳವದು. ಆದರೂ ನಾಟಕಗೃಹವು ಕಿಕ್ಕಿರಿಯಿತು. ಒಬ್ಬರು ಹಾಡಿದ ಮೇಲೆ ಇನ್ನೊಬ್ಬರು, ಒಬ್ಬರ ತಾನಿಗೆ ಇನ್ನೊಬ್ಬರ ಉತ್ತರ. ಗೆದ್ದವರಾರು ಎಂಬ ಚರ್ಚೆಯು ಅನಂತರ ವರ್ಷಾನುವರ್ಷ ನಡೆಯಿತು. ನಮಗೆ ಅದು ನಿರರ್ಥಕವಾಗಿ ಕಾಣುವುದು. ಊಟ ಬಟ್ಟೆಯ ಕರಾರಿಗಾಗಿ ಹಾಡಲು ಕಲಿತ ಕಂಠವು, ಆ ರಾತ್ರಿ ತನ್ನ ಇಚ್ಛೆಯಿಂದ ದೇಶಕ್ಕಾಗಿ ಹಾಡಿತು. ಗಲ್ಲೆಯ ಹಣವು ಯಾವ ಮಾಲಕನಿಗೂ ಸೇರದೆ ಸ್ವರಾಜ್ಯದ ನಿಧಿಗೆ ಸೇರಿತು.

ಅದಾದ ಮೂರು ತಿಂಗಳೊಳಗಾಗಿ, 1921ರ ಅಕ್ಟೋಬರ್ 4ರಂದು, ಕೇಶವರಾಯರು ವಿಷಮಜ್ವರದಿಂದ ತೀರಿಕೊಂಡರು. ಹುಬ್ಬಳ್ಳಿಯಲ್ಲಿ ಹುಟ್ಟಿದ ಮಂಡಳಿಯು ಅವರೊಡನೆ ಅಳಿಯಲಿಲ್ಲ. ಬಾಪುರಾವ ಪೆಂಢಾರಕರರೂ ಅವರ ತರುವಾಯ ಅವರ ಮಗ ಭಾಲಚಂದ್ರರೂ ಅದನ್ನು ನಡೆಯಿಸಿ ದಶಕಗಳ ಕಾಲ ಉಳಿಸಿದರು. ಕೊಲ್ಲಾಪುರದಲ್ಲಿ ಶಾಹೂ ಮಹಾರಾಜರು 1915ರಲ್ಲಿ ಪೂರ್ಣಗೊಳಿಸಿದ ಪ್ಯಾಲೆಸ್ ಥಿಯೇಟರಿಗೆ ತರುವಾಯ ಸಂಗೀತಸೂರ್ಯ ಕೇಶವರಾವ ಭೋಸಲೆ ನಾಟ್ಯಗೃಹವೆಂದು ಹೆಸರಿಟ್ಟರು. 2024ರ ಆಗಸ್ಟ್ 8ರ ರಾತ್ರಿ ಆ ನಾಟ್ಯಗೃಹವು ಬೆಂಕಿಗೆ ಆಹುತಿಯಾಯಿತು. ಮರುದಿನ ಕೇಶವರಾಯರ ಜನ್ಮದಿನ. ಹೂಮಾಲೆಗಳನ್ನು ತರಬೇಕಾಗಿದ್ದ ಕಲಾವಿದರು ಬೂದಿಯಾದ ರಂಗದ ಮುಂದೆ ಬರಿಗೈಯಲ್ಲಿ ನಿಂತು ಕಣ್ಣೊರಸಿಕೊಂಡರು.