ಎಲೆಕ್ಟ್ರಿಕಲ್ ಓದಿ ಗಾಡ್ಜಿಲ್ಲಾ ನಡೆಸಿದವರು

ಗಾಡ್ಜಿಲ್ಲಾ ಹೆಸರು ಕೇಳದವರು ನಮ್ಮ ಹಾಸ್ಟೆಲ್‌ನಲ್ಲಿ ಯಾರೂ ಇರಲಿಕ್ಕಿಲ್ಲ. ಆದ್ರೆ ಆ ದೈತ್ಯನನ್ನು ಮೊದಲ ಸಲ ಪರದೆ ಮೇಲೆ ನಡೆಸಿದ ಎಯ್ಜಿ ತ್ಸುಬುರಾಯ ಎಲೆಕ್ಟ್ರಿಕಲ್ ಓದಿದವರು ಅಂತ ಎಷ್ಟು ಜನಕ್ಕೆ ಗೊತ್ತು?

1901ರಲ್ಲಿ ಜಪಾನಿನ ಫುಕುಶಿಮಾ ಪ್ರಾಂತ್ಯದ ಸುಕಗಾವದಲ್ಲಿ ಹುಟ್ಟಿದ ಅವರಿಗೆ ಚಿಕ್ಕಂದಿನಿಂದ ವಿಮಾನದ ಹುಚ್ಚು. ಸೇರಿದ್ದ ವಿಮಾನ ಶಾಲೆ ಮುಚ್ಚಿಹೋಯ್ತು. ಟೋಕಿಯೋದಲ್ಲಿ ಎಲೆಕ್ಟ್ರಿಕಲ್ ಕಲಿತರು, ಕೊನೆಗೆ ಸಿನಿಮಾಗೆ ಬಂದು ಕ್ಯಾಮೆರಾ ಹಿಡಿದರು. 1933ರಲ್ಲಿ ಬಂದ ಕಿಂಗ್ ಕಾಂಗ್ ಅವರ ದಾರಿ ಬದಲಿಸಿತು. ಅದರ ರೀಲು ತರಿಸಿಕೊಂಡು ಒಂದೊಂದೇ ಫ್ರೇಮ್ ನೋಡಿ ಗುಟ್ಟು ಬಿಡಿಸಿದರು. ನಾವು ಹಳೇ ರೇಡಿಯೋ ಬಿಚ್ಚಿ ನೋಡ್ತೀವಲ್ಲ, ಹಾಗೆ.

ಆ ವಿದ್ಯೆಯನ್ನು ಮೊದಲು ದೊಡ್ಡದಾಗಿ ಬಳಸಿಕೊಂಡದ್ದು ಯುದ್ಧ. 1942ರ ಡಿಸೆಂಬರಿನಲ್ಲಿ ಬಂದ ಪ್ರಚಾರದ ಸಿನಿಮಾಗೆ ಪರ್ಲ್ ಹಾರ್ಬರನ್ನೇ ಪುಟ್ಟ ಮಾದರಿಗಳಲ್ಲಿ ಕಟ್ಟಿ ದಾಳಿ ತೋರಿಸಿದರು. ಜಪಾನ್ ಸೋತ ಮೇಲೆ ಅದೇ ಕೆಲಸ ಕೊರಳಿಗೆ ಉರುಳಾಯ್ತು. 1948ರಲ್ಲಿ ತೋಹೋ ಸ್ಟುಡಿಯೋ ಬಿಡಬೇಕಾಯ್ತು. ಮನೆಯಲ್ಲೇ ಪ್ರಯೋಗಾಲಯ ಮಾಡ್ಕೊಂಡು ಕೂತರು.

1954ರ ಮಾರ್ಚ್‌ನಲ್ಲಿ ಅಮೆರಿಕದ ಬಿಕಿನಿ ಬಾಂಬ್ ಪರೀಕ್ಷೆಯ ವಿಕಿರಣ ಜಪಾನಿನ ಮೀನುಗಾರರ ದೋಣಿ ಮೇಲೆ ಬಿತ್ತು. ಆ ಭಯದಲ್ಲೇ ನವೆಂಬರಿನಲ್ಲಿ ಗಾಡ್ಜಿಲ್ಲಾ ಬಂತು. ನಿರ್ದೇಶನ ಇಶಿರೋ ಹೊಂಡಾ ಅವರದು, ವಿಶೇಷ ದೃಶ್ಯಗಳು ತ್ಸುಬುರಾಯ ಅವರದು. ಕಿಂಗ್ ಕಾಂಗ್ ಥರ ಬೊಂಬೆಯನ್ನು ಇಷ್ಟಿಷ್ಟೇ ಕದಲಿಸಿ ತೆಗೆಯಲು ಸಮಯ, ದುಡ್ಡು ಎರಡೂ ಇರಲಿಲ್ಲ. ಹಾಗಾಗಿ ಸುಮಾರು 100 ಕಿಲೋ ತೂಕದ ವೇಷದೊಳಗೆ ಹರುವೊ ನಕಾಜಿಮಾ ಎಂಬ ನಟನನ್ನು ಇಳಿಸಿದರು. ಟೋಕಿಯೋವನ್ನು 25ರಲ್ಲಿ ಒಂದು ಪಾಲಿನ ಅಳತೆಗೆ ಕಟ್ಟಿದರು.

ಇಲ್ಲೇ ಇದೆ ನಮ್ಮ ಫಿಸಿಕ್ಸ್. ಪುಟ್ಟ ಕಟ್ಟಡ ಬೇಗ ನೆಲ ಮುಟ್ಟುತ್ತೆ, ಆಟಿಕೆ ಅಂತ ಕಂಡುಬಿಡುತ್ತೆ. ಬೀಳುವ ಸಮಯ ಎತ್ತರದ ವರ್ಗಮೂಲಕ್ಕೆ ತಕ್ಕಂತೆ ಇರುತ್ತಲ್ಲ? 25ರ ವರ್ಗಮೂಲ 5. ಲೆಕ್ಕದ ಪ್ರಕಾರ ಸೆಕೆಂಡಿಗೆ 24ರ ಬದಲು 120 ಫ್ರೇಮ್ ತೆಗೆದು, ಮಾಮೂಲಿ ವೇಗದಲ್ಲಿ ಓಡಿಸಿದರೆ ಅದಕ್ಕೆ ಭಾರ ಬರುತ್ತೆ. ತ್ಸುಬುರಾಯ ಕ್ಯಾಮೆರಾವನ್ನು ಜೋರಾಗಿ ಓಡಿಸಿದ್ದು ಇದಕ್ಕೇ.

1963ರಲ್ಲಿ ಸ್ವಂತ ಕಂಪನಿ ಕಟ್ಟಿ ಟಿವಿಗೆ ಬಂದರು. 1966ರಲ್ಲಿ ಅಲ್ಟ್ರಾ ಕ್ಯೂ, ಅದೇ ವರ್ಷ 39 ಕಂತುಗಳ ಅಲ್ಟ್ರಾಮ್ಯಾನ್ ಶುರುವಾದವು. ವಾರ ವಾರ ಮನೆ ಮನೆಗೆ ದೈತ್ಯರು ಬಂದರು. 1970ರ ಜನವರಿ 25ರಂದು ಅವರು ತೀರಿಕೊಂಡರು.

ಅದೇ ಕೈ, ಅದೇ ಪುಟ್ಟ ಊರು. ಒಮ್ಮೆ ಬಾಂಬಿಗೆ ಚಪ್ಪಾಳೆ ಹೊಡೆಸಿತು, ಇನ್ನೊಮ್ಮೆ ಬಾಂಬಿಗೆ ಹೆದರಿಸಿತು. ಪ್ರಾಜೆಕ್ಟ್‌ಗೆ ಬಜೆಟ್ ಇಲ್ಲ ಅಂತ ಗೊಣಗೋವಾಗ ಅವರನ್ನು ನೆನೆಯೋಣ. ಯಾರಿಗಾಗಿ ಕಟ್ತಿದ್ದೀವಿ ಅಂತ ಕೇಳಿಕೊಳ್ಳೋದನ್ನೂ ಮರೆಯದಿರೋಣ.