ಟಿಪ್ಪುವಿನ ತೊಲೆ ಊಟಿಗೆ, ಮಸೀದಿ ಮಾತ್ರ ನಿಂತಲ್ಲೇ

ಸಿಟಿ ಮಾರ್ಕೆಟ್ಟಿನಿಂದ ಚಾಮರಾಜಪೇಟೆಗೆ ಹೋಗುವವರಿಗೆ ಕೋಟೆ ವೆಂಕಟರಮಣ ಸ್ವಾಮಿ ಗುಡಿ ಗೊತ್ತೇ ಇದೆ. ಅದರ ಮಗ್ಗುಲಲ್ಲೇ ಟಿಪ್ಪು ಸುಲ್ತಾನನ ಬೇಸಿಗೆ ಅರಮನೆ. ಅಪ್ಪ ಹೈದರಾಲಿ 1781ರಲ್ಲಿ ಶುರು ಮಾಡಿಸಿದ್ದು, ಮಗ 1791ರಲ್ಲಿ ಮುಗಿಸಿದ. ಅದೇ ವರ್ಷ ಮಾರ್ಚಿಯಲ್ಲಿ ಕಾರ್ನ್‌ವಾಲಿಸನ ದಂಡು ಬಂದು ಬೆಂಗಳೂರು ಕೋಟೆ ಹಿಡಿಯಿತು. ಕಟ್ಟಿಸಿದವನಿಗೆ ಸಿಕ್ಕಿದ ಸುಖ ಅಷ್ಟಕ್ಕಷ್ಟೇ!

ಈ ಟಿಪ್ಪು ನಮ್ಮ ದೇವನಹಳ್ಳಿಯವನು. ಹುಟ್ಟಿದ್ದು 1750ರಲ್ಲಿ. 1782ರ ಡಿಸೆಂಬರಿನಲ್ಲಿ ಅಪ್ಪ ತೀರಿಕೊಂಡಾಗ ಪಟ್ಟದ ಜೊತೆಗೆ ಇಂಗ್ಲಿಷರ ಮೇಲಿನ ಯುದ್ಧವೂ ತಲೆಗೆ ಬಂತು. 1784ರಲ್ಲಿ ಮಂಗಳೂರಿನ ಒಪ್ಪಂದವಾಗಿ ಸ್ವಲ್ಪ ಉಸಿರಾಡಲು ಬಿಡುವಾಯಿತು. ಆ ಬಿಡುವಿನಲ್ಲಿ, 1786-87ರ ಸುಮಾರಿಗೆ ಎದ್ದದ್ದೇ ಶ್ರೀರಂಗಪಟ್ಟಣದ ಮಸ್ಜಿದ್-ಎ-ಆಲಾ. ಜನ ಕರೆಯೋದು ಜಾಮಿಯಾ ಮಸೀದಿ ಅಂತ.

ಅದನ್ನು ಒಮ್ಮೆ ನಿಂತು ನೋಡಬೇಕು. ಕೋಟೆಯ ಬೆಂಗಳೂರು ಬಾಗಿಲಿನ ಹತ್ತಿರ, ಎತ್ತರದ ಜಗಲಿಯ ಮೇಲೆ ಎರಡು ಮಿನಾರು. ಎಂಟು ಮೂಲೆಯವು. ನಡುನಡುವೆ ಸೊಂಟಪಟ್ಟಿಯ ಹಾಗೆ ಸುತ್ತು ಬಾಲ್ಕನಿ, ಮೈತುಂಬ ಪಾರಿವಾಳದ ಗೂಡಿನಂಥ ಕಿಂಡಿಗಳು. ಒಳಗೆ ಕಲ್ಲಿನ ಶಾಸನಗಳಲ್ಲಿ ಅಲ್ಲಾನ 99 ಹೆಸರು. ಮೆರೆದಾಡುವ ಕಟ್ಟಡ ಅಲ್ಲ, ಬಿಜಾಪುರದ ಗುಮ್ಮಟದ ಗಾತ್ರ ಇಲ್ಲ. ಆದರೆ ಆ ಜೋಡಿ ಮಿನಾರು ದೂರದಿಂದಲೇ ಕಣ್ಣು ಸೆಳೆಯುತ್ತೆ. ರಂಗನಾಥಸ್ವಾಮಿಯ ಗೋಪುರವೂ ಅದೇ ಕೋಟೆಯೊಳಗೆ ಇದೆ.

1792ರಲ್ಲಿ ಸೋತು ಅರ್ಧ ರಾಜ್ಯ ಕೊಟ್ಟ, ಮೂರು ಕೋಟಿ ಮೂವತ್ತು ಲಕ್ಷ ದಂಡಕ್ಕೆ ಒಪ್ಪಿದ, ಇಬ್ಬರು ಗಂಡುಮಕ್ಕಳನ್ನು ಒತ್ತೆ ಇಟ್ಟ. 1799ರ ಮೇ 4ರಂದು ಕೋಟೆಯಲ್ಲೇ ಹೋರಾಡಿ ಸತ್ತ. ಅಪ್ಪನಿಗಾಗಿ ತಾನೇ ಕಟ್ಟಿಸಿದ್ದ, ನುಣುಪಾದ ಕರಿಕಲ್ಲು ಕಂಬಗಳ ಗುಂಬಜಿನಲ್ಲಿ ಅವನಿಗೂ ಮಣ್ಣಾಯಿತು.

ಆಮೇಲೆ ನೋಡಿ, ಶ್ರೀರಂಗಪಟ್ಟಣದ ಲಾಲ್ ಮಹಲ್ ಅರಮನೆಯನ್ನು ಇಂಗ್ಲಿಷರು ಬಿಚ್ಚಿಹಾಕಿದರು. ಅದರ ದೊಡ್ಡ ದೊಡ್ಡ ತೊಲೆಗಳು ಘಟ್ಟ ಹತ್ತಿ ಊಟಿಗೆ ಹೋದವು. 1830ರಲ್ಲಿ ಪ್ರತಿಷ್ಠೆಯಾದ ಅಲ್ಲಿನ ಸೇಂಟ್ ಸ್ಟೀಫನ್ಸ್ ಚರ್ಚಿನ ಸೂರು ಹೊತ್ತಿರುವುದು ಅವೇ. ಅರಮನೆ ಇದ್ದ ಜಾಗದಲ್ಲಿ ಈಗ ಬರೀ ಅಡಿಪಾಯ. ಮಸೀದಿಯನ್ನು ಮಾತ್ರ ಯಾರೂ ಬಿಚ್ಚಲಿಲ್ಲ.

ಟಿಪ್ಪುವಿನ ಸಂಸಾರವನ್ನು ಮೊದಲು ವೆಲ್ಲೂರಿಗೆ, 1806ರ ಸಿಪಾಯಿ ದಂಗೆಯ ನಂತರ ಕಲ್ಕತ್ತಕ್ಕೆ ಸಾಗಹಾಕಿದರು. ಕೊನೆಯ ಮಗ ಗುಲಾಂ ಮೊಹಮ್ಮದ್ 1842ರಲ್ಲಿ ಅಲ್ಲಿನ ಧರ್ಮತಲಾದಲ್ಲಿ ಒಂದು ಮಸೀದಿ ಕಟ್ಟಿಸಿದ. ಕಟ್ಟಿಸಿದ್ದು ಮಗ, ಆದರೆ ಕಲ್ಕತ್ತದವರು ಅದನ್ನು ಕರೆಯೋದು ಟಿಪ್ಪು ಸುಲ್ತಾನ್ ಮಸೀದಿ ಅಂತಲೇ.